ಸಂಚಿಕೆಗಳೇ ಸಿಗದ ವಾರಪತ್ರಿಕೆಯ ಚರಿತ್ರೆಯನ್ನು ಬರೆಯುವುದು ಹೇಗೆ? (ಗದಗ, ಹಾವೇರಿ, ಧಾರವಾಡ)

ಗದಗಿನ ಓದುಗ ಕೇಳಿದ್ದು:

ಬಲ್ಲವರಿಗೆಲ್ಲ ನಮಸ್ಕಾರಗಳು. ನಮ್ಮೂರಿನ ವಾಚನಾಲಯದ ಸ್ಮರಣ ಸಂಚಿಕೆಗೆ ಗದಗಿನ ಹಳೆಯ ವಾರಪತ್ರಿಕೆಗಳನ್ನು ಕುರಿತು ಲೇಖನವೊಂದನ್ನು ಬರೆದುಕೊಡಲು ಒಪ್ಪಿಕೊಂಡಿದ್ದೇನೆ. ಇಪ್ಪತ್ತನೆಯ ಶತಮಾನದ ಮೊದಲ ದಶಕದ ಹೊತ್ತಿಗೆ ಗದಗಿನಿಂದ ‘ರಸಿಕರಂಜಿನಿ’ ಮತ್ತು ‘ದಿಗ್ವಿಜಯ’, ಹಾವೇರಿಯಿಂದ ‘ಲೋಕಮಿತ್ರ’, ಧಾರವಾಡದಿಂದ ‘ಕರ್ನಾಟಕ ವೃತ್ತ’ ಮತ್ತು ‘ಲೋಕಬಂಧು’ ಎಂಬ ಸಾಪ್ತಾಹಿಕಗಳು ಹೊರಡುತ್ತಿದ್ದವು ಎಂಬಷ್ಟನ್ನು ಓದಿಕೊಂಡಿದ್ದೇನೆ. ಅದರಾಚೆಗೆ ಹೋಗಲು ದಾರಿಯೇ ಕಾಣುತ್ತಿಲ್ಲ. ನಮ್ಮಲ್ಲಿ ದೊರೆಯುವ ಪತ್ರಿಕಾ ಚರಿತ್ರೆಗಳು 1843ರ ಜುಲೈ 1ರಂದು ಮಂಗಳೂರಿನಲ್ಲಿ ಹರ್ಮನ್ ಮೋಗ್ಲಿಂಗ್ ಹೊರಡಿಸಿದ ‘ಮಂಗಳೂರು ಸಮಾಚಾರ’ದಿಂದ ಆರಂಭವಾಗಿ, 1890ರ ವಿದ್ಯಾವರ್ಧಕ ಸಂಘ ಹಾಗೂ ಅದರ ‘ವಾಗ್ಭೂಷಣ’ವನ್ನು ಮುಟ್ಟಿ, ಅಲ್ಲಿಂದ ನೇರವಾಗಿ 1921ರ ‘ಕರ್ಮವೀರ’ಕ್ಕೆ ಜಿಗಿದುಬಿಡುತ್ತವೆ. ನಡುವಿನ ಊರೂರ ಪತ್ರಿಕೆಗಳಿಗೆ ಒಂದು ಸಾಲು ದೊರೆತರೆ ಹೆಚ್ಚು.

ಬಲ್ಲವರಲ್ಲಿ ನನ್ನ ಪ್ರಶ್ನೆಗಳು ಇಷ್ಟು. ಸಂಚಿಕೆಗಳು ಕೈಗೆ ಸಿಗದಿರುವಾಗ ಇಂಥ ಪತ್ರಿಕೆಯ ಬಗ್ಗೆ ನಂಬತಕ್ಕ ಮಾಹಿತಿಯನ್ನು ಎಲ್ಲಿ ಹುಡುಕಬೇಕು? ಮತ್ತು, ನೂರಿನ್ನೂರು ಪ್ರತಿಗಳಷ್ಟೇ ಅಚ್ಚಾಗುತ್ತಿದ್ದ ಪತ್ರಿಕೆಯೊಂದು ತನ್ನ ಊರಿನಲ್ಲಾದರೂ ಏನನ್ನಾದರೂ ಬದಲಿಸಲು ಶಕ್ತವಾಗಿತ್ತೆ, ಇಲ್ಲವೆ ಊರಭಿಮಾನದಿಂದ ನಾವೇ ಈಗ ಅದನ್ನು ಹಿಗ್ಗಿಸಿ ನೋಡುತ್ತಿದ್ದೇವೆಯೆ? ಎರಡನೆಯ ಪ್ರಶ್ನೆಗೆ ಉತ್ತರ ದೊರೆಯದಿದ್ದರೆ ಲೇಖನ ಬರಿಯ ಹೆಸರುಗಳ ಯಾದಿಯಾಗಿ ಉಳಿಯುತ್ತದೆ ಎಂಬುದು ನನ್ನ ಅಳುಕು.

ಕಡತಮನೆ, ಧಾರವಾಡ:

ಗದಗಿನ ಮಹನೀಯರೆ, ತಮ್ಮ ಎರಡೂ ಪ್ರಶ್ನೆಗಳಿಗೆ ಒಂದೇ ಕಡೆ ಉತ್ತರವಿದೆ, ಮತ್ತು ಅದು ಪತ್ರಿಕೆಗಳನ್ನು ಪ್ರೀತಿಸಿದವರ ಮನೆಯಲ್ಲಿಲ್ಲ, ಅವುಗಳನ್ನು ಸಂಶಯದಿಂದ ನೋಡಿದವರ ಕಪಾಟಿನಲ್ಲಿದೆ.

ಮುಂಬಯಿ ಸರಕಾರವು 1868ರಿಂದ ತನ್ನ ಇಲಾಖೆಯ (ಅಂದರೆ ಆಗ ಧಾರವಾಡವೂ ಸೇರಿದ್ದ ಮುಂಬಯಿ ಪ್ರಾಂತದ) ದೇಶಭಾಷಾ ಪತ್ರಿಕೆಗಳನ್ನೆಲ್ಲ ತರಿಸಿಕೊಂಡು ಓದಿಸಿ, ಆಡಳಿತಕ್ಕೆ ಸಂಬಂಧಪಟ್ಟ ಭಾಗಗಳನ್ನು ಇಂಗ್ಲಿಷಿಗೆ ಸಂಗ್ರಹಿಸಿ, ವಾರಕ್ಕೊಂದು ಗುಪ್ತ ವರದಿಯನ್ನು ಅಚ್ಚು ಮಾಡಿಸುತ್ತಿತ್ತು. ಈ ಕೆಲಸ ಮೊದಲು ದೇಶೀ ಪತ್ರಿಕೆಗಳ ವರದಿಗಾರನೆಂಬ ಅಧಿಕಾರಿಯದಾಗಿದ್ದು, ಮುಂದೆ ಓರಿಯಂಟಲ್ ಟ್ರಾನ್ಸ್‌ಲೇಟರ್ ಕಚೇರಿಗೆ, ಅಂದರೆ ಸರಕಾರದ ಭಾಷಾಂತರಕಾರನ ಕಚೇರಿಗೆ, ಸೇರಿತು. ವರದಿಯು ರಾಜಕೀಯ ಮತ್ತು ಸಾರ್ವಜನಿಕ ಆಡಳಿತ, ಕಾಯಿದೆ, ಶಿಕ್ಷಣ, ರೈಲ್ವೆ, ಮುನಿಸಿಪಾಲಿಟಿ, ದೇಶೀ ಸಂಸ್ಥಾನಗಳು ಎಂಬಂಥ ತಲೆಬರಹಗಳಲ್ಲಿ ಹಂಚಿಕೊಂಡಿರುತ್ತದೆ. ಪ್ರತಿಯೊಂದು ಪರಿಚ್ಛೇದಕ್ಕೂ ಪತ್ರಿಕೆಯ ಹೆಸರು ಮತ್ತು ಸಂಚಿಕೆಯ ತಾರೀಖು ಇರುತ್ತದೆ. ತಾವು ಹುಡುಕುವ ಸಂಚಿಕೆ ಸುಟ್ಟುಹೋಗಿರಲಿ, ಗೆದ್ದಲು ತಿಂದಿರಲಿ, ಅದರ ನಾಲ್ಕು ಸಾಲು ಅಲ್ಲಿ ಉಳಿದಿರುವ ಸಾಧ್ಯತೆ ಇದೆ.

ಇದಕ್ಕಿಂತ ಮುಖ್ಯವಾದದ್ದು ವರದಿಗೆ ಲಗತ್ತಾದ ಪತ್ರಿಕೆಗಳ ಪಟ್ಟಿ. ಪತ್ರಿಕೆಯ ಹೆಸರು, ಹೊರಡುವ ಊರು, ದೈನಿಕವೋ ಸಾಪ್ತಾಹಿಕವೋ ಎಂಬುದು, ಸಂಪಾದಕನ ಹೆಸರು, ಜಾತಿ, ವಯಸ್ಸು, ಅಚ್ಚಾಗುವ ಪ್ರತಿಗಳ ಸಂಖ್ಯೆ, ಇಷ್ಟನ್ನೂ ಅಲ್ಲಿ ದಾಖಲಿಸುತ್ತಿದ್ದರು. ತಾವು ಹೆಸರಿಸಿದ ಐದೂ ಪತ್ರಿಕೆಗಳನ್ನು ನಾನು ಆ ಪಟ್ಟಿಗಳ ಕನ್ನಡ ವಿಭಾಗದಲ್ಲಿಯೇ ನೋಡಿದ್ದೇನೆ. ಒಂದೇ ವರ್ಷದ ಪಟ್ಟಿಯನ್ನು ನೋಡಿ ತೃಪ್ತರಾಗಬೇಡಿ. ಹತ್ತು ವರ್ಷಗಳ ಪಟ್ಟಿಗಳನ್ನು ಒಂದರ ಪಕ್ಕದಲ್ಲಿ ಒಂದಿಟ್ಟು ನೋಡಿದರೆ ಯಾವ ಪತ್ರಿಕೆ ಯಾವಾಗ ಸಂಪಾದಕನನ್ನು ಬದಲಿಸಿತು, ಯಾವಾಗ ಪ್ರತಿಗಳು ಏರಿದವು ಅಥವಾ ಇಳಿದವು, ಯಾವ ವರ್ಷದ ನಂತರ ಅದು ಪಟ್ಟಿಯಿಂದಲೇ ಮಾಯವಾಯಿತು ಎಂಬುದು ತಿಳಿಯುತ್ತದೆ. ಅದುವೇ ತಮ್ಮ ಲೇಖನದ ಬೆನ್ನೆಲುಬಾಗಬಲ್ಲದು. ಪ್ರತಿಗಳ ಸಂಖ್ಯೆಯನ್ನು ಮಾತ್ರ ತಕ್ಕಡಿಯಲ್ಲಿ ತೂಗಿದ್ದೆಂದು ತಿಳಿಯಬಾರದು. ಅದು ಬಹುಮಟ್ಟಿಗೆ ಪತ್ರಿಕೆಯವರು ತಾವೇ ಹೇಳಿದ ಲೆಕ್ಕ.

ಇನ್ನು ಪ್ರಭಾವದ ಪ್ರಶ್ನೆ. ಈ ವರದಿಗಳ ಆರಂಭದಲ್ಲಿ ಜಿಲ್ಲಾಧಿಕಾರಿಗಳಿಗೆ ಒಂದು ಕಾಯಂ ಸೂಚನೆ ಅಚ್ಚಾಗಿರುತ್ತಿತ್ತು. ತಮ್ಮ ಜಿಲ್ಲೆಗೆ ಸಂಬಂಧಿಸಿದ ದೂರು ಗಮನಾರ್ಹವೆಂದು ಕಂಡರೆ, ಅದರಲ್ಲಿ ಹೇಳಿದ ಸಂಗತಿ ನಿಜವೋ ಸುಳ್ಳೋ, ನಿಜವಾಗಿದ್ದರೆ ಏನು ಕ್ರಮ ಕೈಗೊಳ್ಳಲಾಗುತ್ತಿದೆ, ಸುಳ್ಳಾಗಿದ್ದರೆ ಆ ಸುದ್ದಿ ಹುಟ್ಟಿದ್ದು ಹೇಗೆ ಎಂಬುದನ್ನು ಸರಕಾರದ ಕಾರ್ಯದರ್ಶಿಗೆ ತಿಳಿಸಬೇಕೆಂಬುದು ಆ ಸೂಚನೆಯ ತಾತ್ಪರ್ಯ. ಇದರ ಪರಿಣಾಮವನ್ನು ಯೋಚಿಸಿ. ಗದಗಿನ ಓಣಿಯೊಂದರ ನೀರಿನ ತೊಂದರೆಯನ್ನೋ, ಹಾವೇರಿಯ ಕಾರಕೂನನೊಬ್ಬನ ಲಂಚದ ವಿಷಯವನ್ನೋ ಪತ್ರಿಕೆ ಬರೆದರೆ, ಅದು ಭಾಷಾಂತರವಾಗಿ ಮುಂಬಯಿಯ ಕಾರ್ಯದರ್ಶಿಯ ಮೇಜನ್ನು ಮುಟ್ಟಿ, ಅಲ್ಲಿಂದ ಧಾರವಾಡದ ಕಲೆಕ್ಟರರಿಗೆ ಉತ್ತರ ಕೊಡುವ ಹೊಣೆಯಾಗಿ ಮರಳುವ ಸಾಧ್ಯತೆ ಇತ್ತು. ಊರಿನ ಅರ್ಜಿದಾರನೊಬ್ಬ ಮಾಮಲೇದಾರ ಕಚೇರಿಯ ಮೆಟ್ಟಿಲು ಹತ್ತಿಳಿದು ಪಡೆಯಲಾಗದ ಉತ್ತರವನ್ನು ನಾಲ್ಕು ಪುಟದ ವಾರಪತ್ರಿಕೆ ಒಮ್ಮೊಮ್ಮೆ ಪಡೆಯಬಲ್ಲದಾಗಿತ್ತು. ಆದ್ದರಿಂದ ಎಷ್ಟು ಜನ ಓದಿದರು ಎಂಬುದಕ್ಕಿಂತ ಯಾರು ಓದಲೇಬೇಕಾಗಿತ್ತು ಎಂಬುದನ್ನು ಕೇಳಬೇಕೆಂದು ನನ್ನ ಅಭಿಪ್ರಾಯ. ನೂರಿನ್ನೂರು ಪ್ರತಿಗಳಲ್ಲಿ ಒಂದು ಪ್ರತಿ ಸರಕಾರದ ಭಾಷಾಂತರಕಾರನದಾಗಿತ್ತು, ಮತ್ತು ಸಂಪಾದಕರಿಗೂ ಅದು ಗೊತ್ತಿತ್ತು.

ಈ ವರದಿಗಳು ಮುಂಬಯಿಯ ಎಲ್ಫಿನ್‌ಸ್ಟನ್ ಕಾಲೇಜಿನ ಕಟ್ಟಡದಲ್ಲಿರುವ ಮಹಾರಾಷ್ಟ್ರ ರಾಜ್ಯ ಪತ್ರಾಗಾರದಲ್ಲಿವೆ. ಹಲವು ವರ್ಷಗಳ ಸ್ಕ್ಯಾನ್ ಪ್ರತಿಗಳು ಸೌತ್ ಏಷ್ಯಾ ಓಪನ್ ಆರ್ಕೈವ್ಸ್ ಜಾಲತಾಣದಲ್ಲಿ ಉಚಿತವಾಗಿ ದೊರೆಯುತ್ತವೆ. ಗದಗ ಮತ್ತು ಹಾವೇರಿ ಪ್ರತ್ಯೇಕ ಜಿಲ್ಲೆಗಳಾದದ್ದು 1997ರಲ್ಲಿ. ಹೀಗಾಗಿ ಹಳೆಯ ಸೂಚಿಗಳಲ್ಲೆಲ್ಲ ಧಾರವಾಡ ಜಿಲ್ಲೆಯ ಹೆಸರಿನಲ್ಲಿಯೇ ಹುಡುಕಬೇಕು.

ಅಚ್ಚುಮೊಳೆ, ಹುಬ್ಬಳ್ಳಿ:

ಕಡತಮನೆಯವರು ಸರಕಾರದ ಕಡೆಯಿಂದ ಹೇಳಿದರು. ನಮ್ಮ ಮನೆತನ ಮೂರು ತಲೆಮಾರು ಛಾಪಖಾನೆಯ ಅನ್ನ ಉಂಡದ್ದರಿಂದ ನಾನು ಅಚ್ಚಿನ ಕಡೆಯಿಂದ ಕೆಲವು ಮಾತುಗಳನ್ನು ಸೇರಿಸುತ್ತೇನೆ.

ಆ ಕಾಲದ ಸಣ್ಣ ಊರಿನಲ್ಲಿ ಪತ್ರಿಕೆ ನಡೆಸಲೆಂದು ಛಾಪಖಾನೆ ಹಾಕಿದವರು ಕಡಿಮೆ. ಛಾಪಖಾನೆ ಇದ್ದುದರಿಂದ ಪತ್ರಿಕೆ ನಡೆಸಿದವರೇ ಹೆಚ್ಚು. ಲಗ್ನಪತ್ರಿಕೆ, ಅಂಗಡಿಯ ಪಾವತಿ ಪುಸ್ತಕ, ದಲಾಲಿ ಅಂಗಡಿಗಳ ಚೀಟಿ, ನಾಟಕ ಕಂಪನಿಯ ಹಸ್ತಪತ್ರಿಕೆ, ಕೋರ್ಟಿನ ನಮೂನೆಗಳು, ಇವೇ ಹೊಟ್ಟೆಗೆ ಹಿಟ್ಟು. ವಾರದಲ್ಲಿ ಕೆಲಸವಿಲ್ಲದ ದಿನ ಮೊಳೆ (ಅಚ್ಚಿನ ಅಕ್ಷರ) ಜೋಡಿಸುವವನನ್ನು ಸುಮ್ಮನೆ ಕೂರಿಸಿ ಪಗಾರ ಕೊಡುವ ಬದಲು ನಾಲ್ಕು ಪುಟ ಜೋಡಿಸಿದರೆ ಊರಿನಲ್ಲಿ ಹೆಸರು ಬರುತ್ತದೆ, ಆ ಹೆಸರಿನಿಂದ ಬಿಡಿ ಕೆಲಸ ಬರುತ್ತದೆ. ಕನ್ನಡದ ಕಾಗುಣಿತ ಮತ್ತು ಒತ್ತಕ್ಷರಗಳಿಗೆ ನೂರಾರು ಬಗೆಯ ಮೊಳೆ ಬೇಕಾಗುತ್ತಿದ್ದುದರಿಂದ ಬಡ ಛಾಪಖಾನೆಯಲ್ಲಿ ನಾಲ್ಕೂ ಪುಟಗಳನ್ನು ಒಮ್ಮೆಗೇ ಜೋಡಿಸಿ ನಿಲ್ಲಿಸುವಷ್ಟು ಮೊಳೆಯೇ ಇರುತ್ತಿರಲಿಲ್ಲ. ಎರಡು ಪುಟ ಜೋಡಿಸಿ, ಅಚ್ಚು ಹಾಕಿ, ಫರ್ಮಾ (ಜೋಡಿಸಿದ ಪುಟಗಳ ಚೌಕಟ್ಟು) ಬಿಚ್ಚಿ ಮೊಳೆಗಳನ್ನು ಕೇಸಿನ, ಅಂದರೆ ಮೊಳೆಪೆಟ್ಟಿಗೆಯ, ಮನೆಮನೆಗೆ ಮರಳಿ ಹಂಚಿ, ಆಮೇಲೆ ಉಳಿದೆರಡು ಪುಟಕ್ಕೆ ಕೈ ಹಾಕಬೇಕು. ಆದಕಾರಣ ಹಳೆಯ ವಾರಪತ್ರಿಕೆ ಸಿಕ್ಕರೆ ಯಾವ ಪುಟ ಮೊದಲು ಅಚ್ಚಾಯಿತು ಎಂಬುದನ್ನು ಸುದ್ದಿಯ ತಾಜಾತನದಿಂದಲೇ ಊಹಿಸಬಹುದು. ಜಾಹೀರಾತು, ಧಾರಾವಾಹಿ ಕಥೆ, ಬೇರೆ ಪತ್ರಿಕೆಗಳಿಂದ ಎತ್ತಿಕೊಂಡ ಸಂಗತಿಗಳು ವಾರದ ಮೊದಲಿಗೇ ಮುಗಿಯುವ ಪುಟಗಳು. ಅರಳೆಯ ದರ, ಊರ ಸುದ್ದಿ, ಟಪಾಲಿನಲ್ಲಿ ಬಂದ ಪತ್ರಗಳು ಕೊನೆಗೆ ಜೋಡಿಸುವವು.

ಹಣದ ಮಾತಿಗೆ ಬಂದರೆ, ವರ್ಗಣಿ (ಚಂದಾ) ಕೊಡದವರ ಹೆಸರು ಹಿಡಿದು ಬೇಡುವ ಪ್ರಕಟಣೆಗಳಿಲ್ಲದ ಸಣ್ಣ ಪತ್ರಿಕೆಯನ್ನು ನಾನು ನೋಡಿಲ್ಲ. ಒಂದು ಅನುಕೂಲವೆಂದರೆ ನೋಂದಾಯಿತ ಪತ್ರಿಕೆಗಳಿಗೆ ಅಂಚೆ ಇಲಾಖೆಯ ರಿಯಾಯತಿ ಇತ್ತು, ಕಾಲಾಣೆಯ ಟಪಾಲಿಗೆ ಪತ್ರಿಕೆ ಊರು ಬಿಟ್ಟು ಹೋಗುತ್ತಿತ್ತು. 1880ರ ದಶಕದಲ್ಲಿ ಸದರ್ನ್ ಮರಾಠಾ ರೈಲ್ವೆ ಹುಬ್ಬಳ್ಳಿ ಮತ್ತು ಗದಗುಗಳನ್ನು ಕೂಡಿಸಿದ ಮೇಲೆ ಗದಗಿನಂಥ ಅರಳೆಯ ಪೇಟೆಯಲ್ಲಿ ಪತ್ರಿಕೆ ಹುಟ್ಟಿದ್ದು ಆಶ್ಚರ್ಯವಲ್ಲ. ಅರಳೆ ವ್ಯಾಪಾರಿಗೆ ಮುಂಬಯಿಯ ದರ ಬೇಕು, ಹಳ್ಳಿಯ ಕುಲಕರ್ಣಿಗೆ ಸರಕಾರದ ಹೊಸ ಹುಕುಮು ಬೇಕು. ಪತ್ರಿಕೆಯ ಗಿರಾಕಿಗಳು ಇವರೇ.

ಹುಡುಕುವವರಿಗೆ ಇನ್ನೊಂದು ದಾರಿ ಹೇಳುತ್ತೇನೆ. 1867ರ ಮುದ್ರಣ ಮತ್ತು ಪುಸ್ತಕ ನೋಂದಣಿ ಕಾಯಿದೆಯ ಪ್ರಕಾರ ಮುಂಬಯಿ ಇಲಾಖೆಯಲ್ಲಿ ಅಚ್ಚಾದ ಪುಸ್ತಕಗಳ ತ್ರೈಮಾಸಿಕ ಯಾದಿಯನ್ನು ಸರಕಾರ ಪ್ರಕಟಿಸುತ್ತಿತ್ತು. ಅದರಲ್ಲಿ ಮುದ್ರಕನ ಹೆಸರು, ಊರು, ಪುಟ, ಬೆಲೆ, ಪ್ರತಿಗಳ ಸಂಖ್ಯೆ ಎಲ್ಲ ಇರುತ್ತದೆ. ಪತ್ರಿಕೆ ಅಚ್ಚಾದ ಛಾಪಖಾನೆಯಿಂದಲೇ ಬಂದ ಪುರಾಣ, ಪದಗಳ ಪುಸ್ತಕ, ಶಾಲೆಯ ಅಂಕಲಿಪಿಗಳು ಅಲ್ಲಿ ಸಿಕ್ಕರೆ, ಪತ್ರಿಕೆಯನ್ನು ಯಾವ ದುಡಿಮೆ ಸಾಕಿತು ಎಂಬುದು ಗೊತ್ತಾಗುತ್ತದೆ.

ಮಾಳಮಡ್ಡಿಯ ವಕೀಲ:

ಕಡತಮನೆಯವರ ಪಟ್ಟಿಯಲ್ಲಿರುವ ಸಂಪಾದಕರ ಹೆಸರನ್ನು ಬಳಸುವಾಗ ಎಚ್ಚರವಿರಲಿ ಎಂದು ಹೇಳುವುದಕ್ಕಷ್ಟೇ ಬರೆಯುತ್ತಿದ್ದೇನೆ. 1867ರ ಕಾಯಿದೆ ಕೇಳುತ್ತಿದ್ದುದು ಮುದ್ರಕನ ಮತ್ತು ಪ್ರಕಾಶಕನ ಹೆಸರನ್ನು; ಅವರು ಮ್ಯಾಜಿಸ್ಟ್ರೇಟರ ಮುಂದೆ ಘೋಷಣೆ ಬರೆದುಕೊಡಬೇಕಾಗಿತ್ತು. ಪತ್ರಿಕೆಯ ಪ್ರತಿ ಪ್ರತಿಯ ಮೇಲೂ ಸಂಪಾದಕನ ಹೆಸರನ್ನು ಅಚ್ಚು ಹಾಕಬೇಕೆಂಬ ನಿಯಮ ಬಂದದ್ದು 1922ರ ತಿದ್ದುಪಡಿಯಿಂದ. ಅದಕ್ಕೂ ಮುಂಚಿನ ಪತ್ರಿಕೆಯಲ್ಲಿ ಬರೆಯುವವರು ಒಬ್ಬರು, ಹೆಸರು ಕೊಟ್ಟು ಹೊಣೆ ಹೊತ್ತವರು ಇನ್ನೊಬ್ಬರು ಆಗಿರಬಹುದು. ಸರಕಾರಿ ನೌಕರಿಯಲ್ಲಿದ್ದ ಮಾಸ್ತರರು ಅಥವಾ ಸನದು (ವಕೀಲಿಯ ಪರವಾನಗಿ) ಕಳೆದುಕೊಳ್ಳಲು ಇಚ್ಛಿಸದ ನನ್ನಂಥ ವಕೀಲರು ತಮ್ಮ ಹೆಸರಿನಿಂದ ಬರೆಯುತ್ತಿದ್ದರೆಂದು ನಂಬುವುದು ಕಷ್ಟ.

1910ರ ಪ್ರೆಸ್ ಕಾಯಿದೆಯನ್ನು ತಮ್ಮ ಲೇಖನದಲ್ಲಿ ಮರೆಯಬೇಡಿ. ಹೊಸದಾಗಿ ಛಾಪಖಾನೆ ಹಾಕುವವನು 500 ರೂಪಾಯಿಗೆ ಕಡಿಮೆಯಿಲ್ಲದಂತೆ 2000 ರೂಪಾಯಿಯವರೆಗೆ ಜಾಮೀನು ಠೇವಣಿ ಇಡಬೇಕೆಂದು ಅದು ವಿಧಿಸಿತು. ಮ್ಯಾಜಿಸ್ಟ್ರೇಟರು ಮನಸ್ಸು ಮಾಡಿದರೆ ಬಿಡಬಹುದಾಗಿತ್ತು. ಮುಂಬಯಿಯ ದೊಡ್ಡ ದೈನಿಕಕ್ಕೆ ಆ ಹಣ ಕಷ್ಟವಾಗಿರಲಾರದು, ಆದರೆ ಲಗ್ನಪತ್ರಿಕೆಯ ಆದಾಯದಲ್ಲಿ ಬದುಕಿದ ಗದಗಿನ ಛಾಪಖಾನೆಗೆ ಅದು ಬಾಗಿಲು ಹಾಕಿಕೊಳ್ಳುವ ಮಾತು. 1908ರಲ್ಲಿ ‘ಕೇಸರಿ’ಯ ಬರಹಗಳಿಗಾಗಿ ತಿಲಕರಿಗೆ ಆರು ವರ್ಷಗಳ ಗಡಿಪಾರಿನ ಶಿಕ್ಷೆಯಾದದ್ದನ್ನು ಕಣ್ಣಾರೆ ಕಂಡಿದ್ದ ಸಣ್ಣ ಸಂಪಾದಕರು ಯಾವ ವಾಕ್ಯವನ್ನು ಬರೆದು ಹೊಡೆದುಹಾಕಿದರು ಎಂಬುದು ಯಾವ ವರದಿಯಲ್ಲೂ ಇರುವುದಿಲ್ಲ. ಆ ಕಾಯಿದೆ 1922ರಲ್ಲಿ ರದ್ದಾಯಿತು. 1931ರಲ್ಲಿ ಠೇವಣಿಯ ಪದ್ಧತಿ ಇನ್ನೊಂದು ಹೆಸರಿನಿಂದ ಮರಳಿತು.

ಹಾವೇರಿಯ ಶಿಕ್ಷಕಿ:

ಎಲ್ಲರಿಗೂ ವಂದನೆಗಳು. ಮೇಲಿನ ಮಾತುಗಳನ್ನು ಓದಿದಾಗ ನನಗೊಂದು ಆತಂಕ ಉಂಟಾಯಿತು. ಸರಕಾರದ ಗುಪ್ತ ವರದಿಯನ್ನೇ ಆಧರಿಸಿ ಬರೆದರೆ ಪ್ರತಿಯೊಂದು ಪತ್ರಿಕೆಯೂ ಸರಕಾರದೊಡನೆ ಸೆಣಸಿದ ವೀರನಂತೆ ಕಾಣತೊಡಗುತ್ತದೆ. ಭಾಷಾಂತರಕಾರನು ಆರಿಸಿಕೊಂಡದ್ದು ಸರಕಾರಕ್ಕೆ ತಾಗುವ ಮಾತುಗಳನ್ನು ಮಾತ್ರ. ಊರ ಜಾತ್ರೆಯ ವರ್ಣನೆ, ಮಠದ ಉತ್ಸವ, ಹೊಸ ಕನ್ನಡ ಶಾಲೆಯ ಬಹುಮಾನ ಸಮಾರಂಭ, ವಿಧವೆಯರ ಕೇಶಮುಂಡನದ ಬಗೆಗಿನ ವಾದ, ಲಿಂಗಾಯತ ವಿದ್ಯಾರ್ಥಿಗಳ ಶಿಕ್ಷಣದ ಚರ್ಚೆ, ಪದ್ಯಪೂರಣ, ಒಗಟು, ಇಂಥವುಗಳಿಂದ ಅವನಿಗೇನು? ಊರಿನ ವಾರಪತ್ರಿಕೆಯ ಬಹುಭಾಗ ಅವುಗಳಿಂದಲೇ ತುಂಬುವಂಥದು. ಚಕ್ರವರ್ತಿಯ ಪಟ್ಟಾಭಿಷೇಕಕ್ಕೆ ಉಕ್ಕಿ ಉಕ್ಕಿ ಹರಸಿದ ಪತ್ರಿಕೆಯೇ ಮರುವಾರ ಕಂದಾಯದ ರಿಯಾಯತಿಗಾಗಿ ಕಟುವಾಗಿ ಬರೆಯಲು ಯಾವ ಅಡ್ಡಿಯೂ ಇರಲಿಲ್ಲ. ಆ ಕಾಲದವರಿಗೆ ಇವೆರಡೂ ಒಟ್ಟಿಗೆ ನಡೆಯುವ ಮಾತುಗಳಾಗಿದ್ದವು, ನಮಗೆ ಮುಜುಗರವೆಂದು ಒಂದನ್ನು ಅಡಗಿಸುವುದು ಸರಿಯಲ್ಲ.

ಇನ್ನೊಂದು ಸಂಗತಿಯೆಂದರೆ ಮರಾಠಿಯ ನೆರಳು. 1881ರಲ್ಲಿ ಪುಣೆಯಲ್ಲಿ ಆರಂಭವಾದ ‘ಕೇಸರಿ’ ನಮ್ಮ ಕಡೆಯ ಓದಿದವರ ಮನೆಗಳಿಗೆ ಬರುತ್ತಿತ್ತು, ಮತ್ತು ಧಾರವಾಡದಲ್ಲಿ ಕನ್ನಡಿಗರೇ ಮರಾಠಿಯಲ್ಲಿ ವ್ಯವಹರಿಸುವ ರೂಢಿ ಇತ್ತು. 1890ರಲ್ಲಿ ರಾ. ಹ. ದೇಶಪಾಂಡೆಯವರು ವಿದ್ಯಾವರ್ಧಕ ಸಂಘವನ್ನು ಕಟ್ಟಿದ್ದರ ಹಿಂದೆ ಈ ಸ್ಥಿತಿಯೇ ಇದೆ. ಸರಕಾರದ ಪತ್ರಿಕಾ ಪಟ್ಟಿಯಲ್ಲಿ ಮರಾಠಿ ಮತ್ತು ಕನ್ನಡ ಎರಡರಲ್ಲಿಯೂ ಹೊರಡುವ ಪತ್ರಿಕೆಗಳಿಗೆ ಬೇರೆಯೇ ವಿಭಾಗವಿತ್ತೆಂಬುದನ್ನು ಕಡತಮನೆಯವರು ಹೇಳಿಯಾರೆಂದು ಕಾದಿದ್ದೆ. ಹೀಗಿರುವಾಗ ಹಾವೇರಿಯಲ್ಲಿ ಕುಳಿತು ಕನ್ನಡದಲ್ಲಿಯೇ ವಾರಪತ್ರಿಕೆ ಹೊರಡಿಸುತ್ತೇನೆಂದು ಒಬ್ಬರು ಹೊರಟದ್ದು, ಅವರು ಒಳಗೆ ಏನನ್ನೇ ಬರೆದಿರಲಿ, ಸಣ್ಣ ನಿರ್ಧಾರವಲ್ಲ. ತಮ್ಮ ಎರಡನೆಯ ಪ್ರಶ್ನೆಗೆ ನಾನಾದರೆ ಇಲ್ಲಿಂದ ಉತ್ತರವನ್ನು ಆರಂಭಿಸುತ್ತಿದ್ದೆ.

‘ಕರ್ಮವೀರ’ದ ಅಳತೆಗೋಲನ್ನು ಇವುಗಳಿಗೆ ಹಚ್ಚಬಾರದೆಂಬುದೂ ನನ್ನ ಬಿನ್ನಹ. ರಂಗರಾವ್ ದಿವಾಕರರು ಅದನ್ನು ನಡೆಸಿದ್ದು ಅಸಹಕಾರ ಚಳವಳಿಯ ಬಿಸಿಯಲ್ಲಿ. ಅದೇ 1921ರ ಜುಲೈ 1ರಂದು ಧಾರವಾಡದಲ್ಲಿ ಸೆರೆಯ (ಮದ್ಯದ) ಅಂಗಡಿಯ ಮುಂದಿನ ಪಿಕೆಟಿಂಗ್ ವೇಳೆ ಗೋಲಿಬಾರಾಗಿ ಜನ ಸತ್ತಿದ್ದರು. ಅಲ್ಲಿ ಚಳವಳಿ ಮೊದಲು, ಪತ್ರಿಕೆ ಆಮೇಲೆ. ಅದರ ಹಿಂದಿನ ತಲೆಮಾರಿನವರಿಗೆ ಬೆನ್ನಿಗೆ ಯಾವ ಪಕ್ಷವೂ ಇರಲಿಲ್ಲ. (ಛಾಪಖಾನೆಯ ಕಾಯಿದೆಗಳ ಕೆಳಗೆ ಪತ್ರಿಕೆ ನಡೆಸಿದ ದಿವಾಕರರೇ ಮುಂದೆ ಸ್ವತಂತ್ರ ಭಾರತದ ವಾರ್ತಾ ಮತ್ತು ಪ್ರಸಾರ ಖಾತೆಯ ಮಂತ್ರಿಗಳಾದದ್ದನ್ನು ನೆನೆದರೆ ಈಗಲೂ ನಗು ಬರುತ್ತದೆ.)

ಗದಗಿನ ಓದುಗ:

ಅಕ್ಕನವರಿಗೂ ಉಳಿದ ಹಿರಿಯರಿಗೂ ಋಣಿಯಾಗಿದ್ದೇನೆ. ಕಡತಮನೆಯವರು ಹೇಳಿದ ಜಾಲತಾಣದಲ್ಲಿ ಪಟ್ಟಿಗಳನ್ನು ತೆರೆದು ನೋಡತೊಡಗಿದ್ದೇನೆ. ಗದಗಿನ ಎರಡೂ ಪತ್ರಿಕೆಗಳು ಅಲ್ಲಿ ಕಂಡವು, ಮತ್ತು ಅವುಗಳ ಸಂಪಾದಕರು ಬೇರೆಬೇರೆ ಸಮುದಾಯದವರೆಂಬುದನ್ನು ಕಂಡಾಗ ಒಂದೇ ಪೇಟೆಗೆ ಎರಡು ಪತ್ರಿಕೆ ಏಕೆ ಬೇಕಾಯಿತೆಂಬ ಹೊಸ ಪ್ರಶ್ನೆ ಎದ್ದಿದೆ. ಒಂದು ಸಂದೇಹ ಉಳಿದಿದೆ. ಪರಿಚಿತರೊಬ್ಬರ ಮನೆಯ ಹಳೆಯ ಕಾಗದಗಳಲ್ಲಿ ಇಂಥ ಪತ್ರಿಕೆಯ ಒಂದು ಬಿಡಿ ಹಾಳೆ ಇದೆಯೆಂದು ಕೇಳಿದ್ದೇನೆ. ಅದರ ಮೇಲೆ ಸಂಪುಟದ ಸಂಖ್ಯೆ ಇದ್ದರೆ, ಹಿಂದಕ್ಕೆ ಎಣಿಸಿ ಪತ್ರಿಕೆ ಹುಟ್ಟಿದ ವರ್ಷವನ್ನು ನಿರ್ಧರಿಸಬಹುದೆ?

ಕಡತಮನೆ, ಧಾರವಾಡ:

ಎಣಿಸಬಹುದು, ಆದರೆ ಅದನ್ನೇ ಖಚಿತವೆಂದು ಅಚ್ಚು ಹಾಕಬೇಡಿ. ಸಣ್ಣ ಪತ್ರಿಕೆಗಳು ತಿಂಗಳುಗಟ್ಟಲೆ ನಿಂತು ಮತ್ತೆ ಹೊರಡುವುದು ಸಾಮಾನ್ಯವಾಗಿತ್ತು. 1898ರಲ್ಲಿ ಹುಬ್ಬಳ್ಳಿ ಧಾರವಾಡಗಳಲ್ಲಿ ಪ್ಲೇಗು ಹಬ್ಬಿದಾಗ ಜನ ಊರು ಬಿಟ್ಟು ಹೊಲಗಳಲ್ಲಿ ಗುಡಿಸಲು ಹಾಕಿಕೊಂಡಿದ್ದರು. ಅಂಥ ಕಾಲದಲ್ಲಿ ಮೊಳೆ ಜೋಡಿಸುವವರು ಎಲ್ಲಿ, ಹಂಚುವವರು ಎಲ್ಲಿ? ನಿಂತ ಅವಧಿಯನ್ನು ಕೆಲವರು ಸಂಪುಟದ ಲೆಕ್ಕಕ್ಕೆ ಹಿಡಿದರು, ಕೆಲವರು ಬಿಟ್ಟರು. ಎರಡು ಪತ್ರಿಕೆಗಳು ಒಂದಾದಾಗಲೂ ಇದೇ ತೊಡಕು. ಧಾರವಾಡದ ‘ಕರ್ನಾಟಕ ವೃತ್ತ’ವು ಮುಂದೆ ‘ಧನಂಜಯ’ದೊಡನೆ ಕೂಡಿ ಜೋಡು ಹೆಸರಿನಿಂದ ಹೊರಟಿತು, ಅಂಥಲ್ಲಿ ಯಾರ ಸಂಪುಟ ಮುಂದುವರಿಯಿತೆಂದು ನೋಡಿಕೊಳ್ಳಬೇಕಾಗುತ್ತದೆ.

ಬಿಡಿ ಹಾಳೆ ಕೈಗೆ ಬಂದರೆ ಮೊದಲು ಎರಡೂ ಬದಿಯ ಚಿತ್ರ ತೆಗೆದುಕೊಳ್ಳಿ, ಮಡಿಕೆಯನ್ನು ಒತ್ತಾಯದಿಂದ ಬಿಡಿಸಬೇಡಿ. ತಲೆಬರಹದ ಪಕ್ಕದಲ್ಲಿ ಅಂಚೆ ಇಲಾಖೆಯ ನೋಂದಣಿ ಸಂಖ್ಯೆ ಇದೆಯೇ, ಕೊನೆಯ ಪುಟದ ಅಡಿಯಲ್ಲಿ ಮುದ್ರಕ ಮತ್ತು ಪ್ರಕಾಶಕರ ಸಾಲು ಇದೆಯೇ ನೋಡಿ. ಅಚ್ಚುಮೊಳೆಯವರು ಹೇಳಿದ ತ್ರೈಮಾಸಿಕ ಯಾದಿಯಲ್ಲಿ ಹುಡುಕಲು ಆ ಸಾಲಿನಲ್ಲಿರುವ ಛಾಪಖಾನೆಯ ಹೆಸರೇ ಕೀಲಿ. ತಾರೀಖು ಹರಿದುಹೋಗಿ ಸಂವತ್ಸರದ ಹೆಸರು ಮತ್ತು ತಿಥಿ ಮಾತ್ರ ಉಳಿದಿದ್ದರೆ ಶಕ ವರ್ಷದ ಪಂಚಾಂಗದೊಡನೆ ತಾಳೆ ನೋಡಿದರೆ ದಿನ ಸಿಗುತ್ತದೆ, ಏಕೆಂದರೆ ವಾರಪತ್ರಿಕೆ ಹೊರಡುವ ವಾರ ಬಹುತೇಕ ನಿಶ್ಚಿತವಾಗಿರುತ್ತಿತ್ತು.

ಅಕ್ಕನವರ ಆಕ್ಷೇಪವನ್ನು ನಾನು ಪೂರ್ತಿಯಾಗಿ ಒಪ್ಪುತ್ತೇನೆ, ಮತ್ತು ಅದಕ್ಕೊಂದು ಮದ್ದೂ ಇದೆ. ಆ ಕಾಲದ ಮಾಸಪತ್ರಿಕೆಗಳಲ್ಲಿ ತಮಗೆ ಬಂದ ಪುಸ್ತಕ ಪತ್ರಿಕೆಗಳನ್ನು ಪರಿಚಯಿಸುವ ‘ಸಾದರ ಸ್ವೀಕಾರ’ದ ಪುಟಗಳನ್ನು ಓದಿ, ಒಬ್ಬ ಸಂಪಾದಕ ಇನ್ನೊಬ್ಬನ ಪತ್ರಿಕೆಯನ್ನು ಹೊಗಳಿದ್ದೋ ಚುಚ್ಚಿದ್ದೋ ಅಲ್ಲಿ ಸಿಕ್ಕೀತು. ಹತ್ತೊಂಬತ್ತನೆಯ ಶತಮಾನದ ಕನ್ನಡ ಪತ್ರಿಕೆಗಳ ಬಗ್ಗೆ ಶ್ರೀನಿವಾಸ ಹಾವನೂರರು ಮಾಡಿದ ಸಂಶೋಧನೆಯನ್ನು ಓದದೆ ಲೇಖನಕ್ಕೆ ಕೈ ಹಾಕಬೇಡಿ. ಧಾರವಾಡಕ್ಕೆ ಬಂದರೆ ವಿದ್ಯಾವರ್ಧಕ ಸಂಘದಲ್ಲಿ, ಕರ್ನಾಟಕ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಮತ್ತು ರಾಜ್ಯ ಪತ್ರಾಗಾರದ ಇಲ್ಲಿನ ಕಚೇರಿಯಲ್ಲಿ ವಿಚಾರಿಸಿ. ಗುಪ್ತ ವರದಿಯಲ್ಲಿ ಗದಗಿನ ದೂರು ಯಾವುದಾದರೂ ಕಣ್ಣಿಗೆ ಬಿದ್ದರೆ ಅದರ ತಾರೀಖನ್ನು ಬರೆದಿಟ್ಟುಕೊಂಡು, ನಂತರದ ಆರು ತಿಂಗಳ ಧಾರವಾಡ ಕಲೆಕ್ಟರರ ಪತ್ರವ್ಯವಹಾರವನ್ನು ಮುಂಬಯಿಯ ಪತ್ರಾಗಾರದಲ್ಲಿ ಸಾಮಾನ್ಯ ಮತ್ತು ನ್ಯಾಯ ಖಾತೆಗಳೆರಡರಲ್ಲಿಯೂ ಕೇಳಿ ನೋಡಿ. ಕಲೆಕ್ಟರರು ಉತ್ತರ ಬರೆದಿದ್ದರೆ ಅದು ಅಲ್ಲಿರಬೇಕು.